ಹಳೇ ಮೂಕಿ ಚಿತ್ರಗಳಲ್ಲಿ ಸಾಂತಾ ಯಾಕೆ ಕಳ್ಳನ ಥರ ಬರುತ್ತಾನೆ?

ಬೀದಿಕೊನೆ_ಲೈಬ್ರರಿ
ಎಲ್ಲರಿಗೂ ನಮಸ್ಕಾರ. ನಮ್ಮ ಬಡಾವಣೆಯ ಲೈಬ್ರರಿಯಲ್ಲಿ ತಿಂಗಳಿಗೊಮ್ಮೆ ಹಳೇ ಸಿನಿಮಾ ಹಾಕುತ್ತೇವೆ. ಈ ಡಿಸೆಂಬರ್‌ಗೆ ಕ್ರಿಸ್‌ಮಸ್ ಉಡುಗೊರೆಯ ಕಥೆ ಇರುವ ಮೂಕಿ ಚಿತ್ರಗಳನ್ನು ಹಾಕೋಣ ಅಂತ ಯೂಟ್ಯೂಬಿನಲ್ಲಿ ಹುಡುಕುತ್ತಾ ಕೂತೆ. ನೋಡುತ್ತಾ ಹೋದ ಹಾಗೆ ಒಂದು ವಿಷಯ ತಲೆಯಲ್ಲಿ ಕೂತುಬಿಟ್ಟಿದೆ.

1898ರಲ್ಲಿ ಇಂಗ್ಲೆಂಡಿನ ಜಿ. ಎ. ಸ್ಮಿತ್ ಮಾಡಿದ 'ಸಾಂತಾ ಕ್ಲಾಸ್' ಇದೆ. ಒಂದು ನಿಮಿಷ ಚಿಲ್ಲರೆ ಅಷ್ಟೇ. ಮಕ್ಕಳು ಮಲಗುತ್ತಾರೆ, ದೀಪ ಆರುತ್ತದೆ, ಇವನು ಚಿಮಣಿಯಿಂದ ಇಳಿದು ಕಾಲುಚೀಲ ತುಂಬಿ ಮಾಯವಾಗುತ್ತಾನೆ. ಅಮೆರಿಕದ ನಿರ್ದೇಶಕ ಡಿ. ಡಬ್ಲ್ಯೂ. ಗ್ರಿಫಿತ್‌ನ 1908ರ ಚಿತ್ರ 'ದಿ ಕ್ರಿಸ್‌ಮಸ್ ಬರ್ಗ್ಲರ್ಸ್'ನಲ್ಲಿ ನಿಜವಾದ ಕಳ್ಳರೇ ಉಡುಗೊರೆ ಇಟ್ಟು ಹೋಗುತ್ತಾರೆ. ಅದೇ ಗ್ರಿಫಿತ್‌ನ 1909ರ 'ಎ ಟ್ರ್ಯಾಪ್ ಫಾರ್ ಸಾಂತಾ ಕ್ಲಾಸ್'ನಲ್ಲಿ ಮಕ್ಕಳು ಸಾಂತಾನನ್ನು ಹಿಡಿಯಲು ಬಲೆ ಹೂಡಿದರೆ ಸಿಕ್ಕಿಬೀಳುವವನು ಒಬ್ಬ ಕಳ್ಳ.

ಯಾಕೆ ಹೀಗೆ? ಸುಮ್ನೆ ಕಾಕತಾಳೀಯವಾ, ಇಲ್ಲ ಆ ಕಾಲದವರಿಗೆ ಏನಾದರೂ ಹೇಳೋದಿತ್ತಾ? ಜೊತೆಗೆ, ನಲವತ್ತು ನಿಮಿಷದಲ್ಲಿ ಮುಗಿಯುವ ಹಾಗೆ ಏನೇನು ಹಾಕಬಹುದು ಅಂತಲೂ ಹೇಳಿ. ಮಕ್ಕಳೂ ಬರುತ್ತಾರೆ.

ಗಡಿಬಿಡಿ
ರಾತ್ರಿ ಹೊತ್ತು ಚಿಮಣಿಯಿಂದ ಮನೆಗೆ ನುಗ್ಗುವವನನ್ನು ಕಳ್ಳ ಅನ್ನದೆ ಇನ್ನೇನು ಅನ್ನಬೇಕು ಸ್ವಾಮಿ? ನಮ್ಮಲ್ಲಾಗಿದ್ದರೆ ನಾಯಿ ಬಿಡುತ್ತಿದ್ದರು.

ರೀಲುಪೆಟ್ಟಿಗೆ
ಒಳ್ಳೇ ಪ್ರಶ್ನೆ. ಕಥೆಗೆ ಹೋಗುವ ಮೊದಲು ಸ್ಮಿತ್ ಮಾಡಿದ ಕೈಚಳಕ ಹೇಳಿಬಿಡುತ್ತೇನೆ, ಯಾಕಂದ್ರೆ ಆ ಒಂದು ನಿಮಿಷವನ್ನು ಜನ 'ಅಯ್ಯೋ ಇಷ್ಟೇನಾ' ಅಂತ ದಾಟಿಬಿಡುತ್ತಾರೆ.

ದಾದಿ ದೀಪ ಆರಿಸಿದ ಕೂಡಲೇ ಹಿಂದಿನ ಗೋಡೆ, ಒಲೆ ಎಲ್ಲ ಕಪ್ಪಾಗುತ್ತದೆ. ಆ ಕಪ್ಪಿನ ಮಧ್ಯೆ ಒಂದು ದುಂಡನೆಯ ಚಿತ್ರ ಮೂಡುತ್ತದೆ. ಅದರೊಳಗೆ ಸಾಂತಾ ಮಾಳಿಗೆ ಮೇಲೆ ಚಿಮಣಿಗೆ ಇಳಿಯುತ್ತಿದ್ದಾನೆ. ಕೆಳಗೆ ಮಕ್ಕಳು ಹಾಸಿಗೆಯಲ್ಲೇ ಇದ್ದಾರೆ. ಫಿಲ್ಮಿನ ಆ ಭಾಗದ ಮೇಲೆ ಮೊದಲ ಸಲ ಬೆಳಕು ಬೀಳದ ಹಾಗೆ ಕಪ್ಪಾಗಿ ಬಿಟ್ಟು, ಅದೇ ಫಿಲ್ಮನ್ನು ಹಿಂದಕ್ಕೆ ಸುತ್ತಿ, ಇನ್ನೊಂದು ದೃಶ್ಯವನ್ನು ಅದರ ಮೇಲೇ ತೆಗೆದಿದ್ದಾರೆ. ಒಂದೇ ಹೊತ್ತಿಗೆ ಎರಡು ಜಾಗದಲ್ಲಿ ಏನಾಗುತ್ತಿದೆ ಅಂತ ಒಂದೇ ಪರದೆಯಲ್ಲಿ ತೋರಿಸೋದು, ಅದೂ 1898ರಲ್ಲಿ! ಆಗ ಸಿನಿಮಾ ಅನ್ನೋದಕ್ಕೇ ಮೂರು ವರ್ಷ ವಯಸ್ಸು.

ಸ್ಮಿತ್ ಇಂಗ್ಲೆಂಡಿನ ಕಡಲೂರು ಹೋವ್‌ನವರು. ಮೊದಲು ವೇದಿಕೆ ಮೇಲೆ ಹಿಪ್ನಾಟಿಸಂ ಮಾಡುತ್ತಿದ್ದವರು. ಜನರ ಕಣ್ಣು ಎಲ್ಲಿಗೆ ಹೋಗುತ್ತದೆ ಅಂತ ಅವರಿಗೆ ಮೊದಲೇ ಗೊತ್ತಿತ್ತು.

ಹಂಪನಕಟ್ಟೆಯವಳು
ರೀಲುಪೆಟ್ಟಿಗೆ ಸರ್, ಇವರೇ ಅಲ್ವಾ ಆಮೇಲೆ ಕಿನಿಮಾಕಲರ್ ಮಾಡಿದ್ದು?

ರೀಲುಪೆಟ್ಟಿಗೆ
ಹೌದು, ಅವರೇ. 1911ರ ದೆಹಲಿ ದರ್ಬಾರನ್ನು ಬಣ್ಣದಲ್ಲಿ ತೆಗೆದಿದ್ದು ಅದೇ ಕಿನಿಮಾಕಲರ್ ವಿಧಾನದಲ್ಲಿ. ಚಾರ್ಲ್ಸ್ ಅರ್ಬನ್ ತಂಡ ಬಂದು ತೆಗೆದುಕೊಂಡು ಹೋಯಿತು. ಆ ದರ್ಬಾರಿಗೆ ನಮ್ಮ ನಾಲ್ವಡಿಯವರೂ ಹೋಗಿದ್ದರು.

ಬಿಸಿಬೇಳೆ
ಸಾಂತಾನಿಂದ ಹೊರಟು ಮೂರೇ ಮಾತಿಗೆ ಮೈಸೂರು ಮಹಾರಾಜರಿಗೆ ಬಂದರು. ಈ ವೇದಿಕೆಯ ದಾಖಲೆ ಇರಬೇಕು.

ಕೋಟೆಬೀದಿ
ಮೂಲ ಪ್ರಶ್ನೆಗೆ ಬರೋಣ. ನನ್ನ ಪ್ರಕಾರ ಇದು ಕಾಕತಾಳೀಯ ಅಲ್ಲ. ಲೈಬ್ರರಿಯವರ ಪಟ್ಟಿಯಲ್ಲಿ ಮುಖ್ಯವಾದ ಒಂದು ಬಿಟ್ಟುಹೋಗಿದೆ: 1907ರ ಎಡಿಸನ್ ಕಂಪನಿ ಚಿತ್ರ, 'ಎ ಲಿಟಲ್ ಗರ್ಲ್ ಹೂ ಡಿಡ್ ನಾಟ್ ಬಿಲೀವ್ ಇನ್ ಸಾಂತಾ ಕ್ಲಾಸ್'. ಎಡ್ವಿನ್ ಪೋರ್ಟರ್, ಸರ್ಲ್ ಡಾಲಿ ಇಬ್ಬರೂ ಸೇರಿ ಮಾಡಿದ್ದು.

ಸಾಹುಕಾರರ ಮನೆ ಹುಡುಗನಿಗೆ ಒಬ್ಬ ಬಡ ಹುಡುಗಿ ಪರಿಚಯ ಆಗುತ್ತಾಳೆ. ಅವಳು ಸಾಂತಾ ಅನ್ನೋನೇ ಇಲ್ಲ ಅಂತಾಳೆ. ಸರಿಯೇ ತಾನೆ, ಅವಳ ಮನೆಗೆ ಅವನು ಯಾವತ್ತೂ ಬಂದೇ ಇಲ್ಲ. ಹುಡುಗ ರಾತ್ರಿ ಎದ್ದು ಕೂತು, ಸಾಂತಾ ಬಂದ ತಕ್ಷಣ ಅವನನ್ನು ಕಟ್ಟಿಹಾಕಿ, ಹೆದರಿಸಿ, ಹುಡುಗಿಯ ಮನೆಗೆ ಎಳೆದುಕೊಂಡು ಹೋಗಿ ಉಡುಗೊರೆ ಇಡಿಸುತ್ತಾನೆ. ಸಾಂತಾನನ್ನೇ ಅಪಹರಣ ಮಾಡೋದು!

ಈಗ ನಾಲ್ಕೂ ಸೇರಿಸಿ ನೋಡಿ. ಉಳ್ಳವರ ಮನೆಗೆ ಸಾಂತಾ ತಾನಾಗಿ ಬರುತ್ತಾನೆ. ಬಡವರ ಮನೆಗೆ ಉಡುಗೊರೆ ತಲುಪಬೇಕಾದರೆ ಯಾರಾದರೂ ಬೀಗ ಒಡೆಯಬೇಕು, ಕಿಟಕಿ ಹಾರಬೇಕು, ಇಲ್ಲ ಸಾಂತಾನನ್ನೇ ಹಗ್ಗದಲ್ಲಿ ಕಟ್ಟಬೇಕು. ಇಷ್ಟನ್ನು ಆ ಕಾಲದವರು ಒಂದು ಮಾತೂ ಇಲ್ಲದೆ ಹೇಳಿದ್ದಾರೆ.

ಗಡಿಬಿಡಿ
ಮಾತಿಲ್ಲದೆ ಹೇಳದೆ ಏನು ಮಾಡ್ತಾರೆ, ಮೂಕಿ ಅಲ್ವಾ 😄

ಲೆಕ್ಕದ_ಮೇಷ್ಟ್ರು
ಕೋಟೆಬೀದಿಯವರೇ, ಸ್ವಲ್ಪ ಜಾಸ್ತಿ ಓದುತ್ತಿದ್ದೀರಿ ಅನಿಸುತ್ತದೆ. ಆಗಿನ ಕಂಪನಿಗಳಿಗೆ ವಾರಕ್ಕೆ ಇಷ್ಟು ರೀಲು ಅಂತ ಕೊಡಲೇಬೇಕಿತ್ತು. ಡಿಸೆಂಬರ್ ಬಂತು, ಒಂದು ಸಾಂತಾ ಕಥೆ ಬೇಕು. ಹತ್ತು ಹದಿನೈದು ನಿಮಿಷದಲ್ಲಿ ಅಳಿಸಬೇಕು, ನಗಿಸಬೇಕು, ಮುಗಿಸಬೇಕು. ಕಳ್ಳ ಬಂದರೆ ಭಯ, ಕಳ್ಳ ಒಳ್ಳೆಯವನಾದರೆ ಕಣ್ಣೀರು. ಬರೀ ವ್ಯಾಪಾರ. ಬಡವರ ಮೇಲೆ ಕನಿಕರ ತೋರಿಸಿ ಟಿಕೆಟ್ ಮಾರಿದ್ದಾರೆ ಅಷ್ಟೇ.

ಕೋಟೆಬೀದಿ
ಮೇಷ್ಟ್ರೇ, ಟಿಕೆಟ್ ಯಾರಿಗೆ ಮಾರಿದರು ಅಂತಲೂ ನೋಡಬೇಕಲ್ಲ. 1905ರಲ್ಲಿ ಪಿಟ್ಸ್‌ಬರ್ಗ್‌ನಲ್ಲಿ ನಿಕಲೋಡಿಯನ್, ಅಂದ್ರೆ ಐದು ಸೆಂಟಿನ ಸಣ್ಣ ಸಿನಿಮಾ ಮಂದಿರ ಶುರುವಾಯಿತು. ನೋಡುತ್ತಾ ನೋಡುತ್ತಾ ಅಮೆರಿಕ ತುಂಬ ಹರಡಿತು. ಅಲ್ಲಿ ಕೂತವರಲ್ಲಿ ಜಾಸ್ತಿ ಜನ ಗಿರಣಿ ಕೂಲಿಗಳು, ಯುರೋಪಿನಿಂದ ಹೊಸದಾಗಿ ಬಂದವರು, ಇಂಗ್ಲಿಷ್ ಸರಿಯಾಗಿ ಬಾರದವರು. ಶ್ರೀಮಂತರು ಕೂತು ಬಡವರಿಗೆ ಅಯ್ಯೋ ಪಾಪ ಅಂದಿದ್ದಲ್ಲ. ಪರದೆ ಮೇಲಿದ್ದ ಬಡ ಮನೆ, ನೋಡುವವರದೇ ಮನೆ.

ಲೆಕ್ಕದ_ಮೇಷ್ಟ್ರು
ಅದನ್ನೇ ನಾನೂ ಹೇಳಿದ್ದು. ಗಿರಾಕಿ ನೋಡಿ ಸರಕು.

ನಂದಿಬೆಟ್ಟ_ನೋಟ
'ಕ್ರಿಸ್‌ಮಸ್ ಬರ್ಗ್ಲರ್ಸ್' ಕಥೆ ಯಾರಾದರೂ ಪೂರ್ತಿ ಹೇಳಿ. ನನಗೆ ಸಿಕ್ಕಿದ್ದರಲ್ಲಿ ಏನೂ ಕಾಣಿಸುತ್ತಿಲ್ಲ, ಎಲ್ಲ ಮಬ್ಬು ಮಬ್ಬು.

ಬೀದಿಕೊನೆ_ಲೈಬ್ರರಿ
ಒಬ್ಬ ಬಡ ತಾಯಿ ಗಿರವಿ ಅಂಗಡಿಗೆ ಬರುತ್ತಾಳೆ. ಅವಳ ಮಗಳು ಸಾಂತಾಗೆ ಬರೆದ ಕಾಗದ ಅಲ್ಲೇ ಉಳಿದುಹೋಗುತ್ತದೆ. ಗಿರವಿಯವನು ಅದನ್ನು ಓದುತ್ತಾನೆ. ಗಟ್ಟಿ ಮನುಷ್ಯ, ಆದರೆ ಕಾಗದ ಓದಿ ಕರಗಿಬಿಡುತ್ತಾನೆ. ಅವನಿಗೆ ಗೊತ್ತಿರುವ ಕೆಲಸಗಾರರು ಅಂದ್ರೆ ಕನ್ನ ಹಾಕುವವರು. ಅವರನ್ನೇ ಕರೆದುಕೊಂಡು ರಾತ್ರಿ ಆ ಮನೆಗೆ ನುಗ್ಗಿ ಆಟಿಕೆ, ತಿಂಡಿ ಎಲ್ಲ ಇಟ್ಟು ಬರುತ್ತಾರೆ.

ನನಗೆ ಇಷ್ಟವಾಗಿದ್ದು ಇದೇ. ಉಡುಗೊರೆ ಕೊಡಬೇಕು ಅನಿಸಿದಾಗ ಆ ಗಿರವಿಯವನು ಹಗಲು ಹೊತ್ತು ಹೋಗಿ ಬಾಗಿಲು ತಟ್ಟಬಹುದಿತ್ತು. ತಟ್ಟುವುದಿಲ್ಲ. ತಟ್ಟಿದರೆ ಆ ತಾಯಿ ಕೈಚಾಚಿ ತೆಗೆದುಕೊಳ್ಳಬೇಕಾಗುತ್ತದೆ. ಕದ್ದು ಇಟ್ಟರೆ ಸಾಂತಾ ಕೊಟ್ಟ ಹಾಗಾಯಿತು.

ಹಂಪನಕಟ್ಟೆಯವಳು
ಈ ಮಾತು ಚೆನ್ನಾಗಿದೆ. ನಮ್ಮ ಮಂಗಳೂರಲ್ಲಿ ಕ್ರಿಸ್‌ಮಸ್‌ಗೆ ಕುಸ್ವಾರ್ ಹಂಚುತ್ತಾರಲ್ಲ, ನೆವ್ರಿ, ಕುಲ್‌ಕುಲ್ ಎಲ್ಲ. ತಟ್ಟೆಗೆ ಬಟ್ಟೆ ಮುಚ್ಚಿ ಪಕ್ಕದ ಮನೆಗೆ ಕಳಿಸುತ್ತಿದ್ದದ್ದು ಮಕ್ಕಳ ಕೈಯಲ್ಲೇ. ದೊಡ್ಡವರು ಕೊಟ್ಟರೆ ಉಪಚಾರದ ಮಾತು ಮುಗಿಯೋದೇ ಇಲ್ಲ. ಮಕ್ಕಳಾದರೆ ಕೊಟ್ಟು ಓಡಿ ಬರುತ್ತವೆ. ನಮ್ಮ ಓಣಿಯಲ್ಲಿ ತಟ್ಟೆ ಖಾಲಿ ವಾಪಸ್ ಬರುತ್ತಿರಲಿಲ್ಲ, ಒಂದು ಚಮಚ ಸಕ್ಕರೆಯಾದರೂ ಹಾಕುತ್ತಿದ್ದರು.

ಬಿಸಿಬೇಳೆ
ಅಕ್ಕಾ, ಈ ಸಲ ಕುಸ್ವಾರ್ ಬೆಂಗಳೂರಿಗೆ ಕೊರಿಯರ್ ಆಗುತ್ತಾ? ವಿಳಾಸ ಖಾಸಗಿ ಮೆಸೇಜಲ್ಲಿ ಕಳಿಸುತ್ತೇನೆ.

ಹಂಪನಕಟ್ಟೆಯವಳು
ಚಿಮಣಿ ಇದ್ದರೆ ನೋಡೋಣ 😂

ಮೂಕಿಪ್ರಿಯ
ಚಿಮಣಿ ಅಂದಿರಲ್ಲ, 'ಟ್ರ್ಯಾಪ್ ಫಾರ್ ಸಾಂತಾ ಕ್ಲಾಸ್' ಕಥೆ ನಿಂತಿರೋದೇ ಅದರ ಮೇಲೆ. ಕುಡಿತಕ್ಕೆ ಬಿದ್ದ ಅಪ್ಪ, ನನ್ನಿಂದ ನಿಮಗೆ ಭಾರ ಅಂತ ಮನೆ ಬಿಟ್ಟು ಹೋಗುತ್ತಾನೆ. ಆಮೇಲೆ ಅಮ್ಮನಿಗೆ ಆಸ್ತಿ ಬಂದು ದೊಡ್ಡ ಮನೆಗೆ ಹೋಗುತ್ತಾರೆ. ಕ್ರಿಸ್‌ಮಸ್ ರಾತ್ರಿ ಮಕ್ಕಳಿಗೆ ಚಿಂತೆ: ಈ ಮನೆಗೆ ಚಿಮಣಿ ಇಲ್ಲ, ಸಾಂತಾ ಹೇಗೆ ಬರುತ್ತಾನೆ? ಕಿಟಕಿಯಿಂದ ಬರುತ್ತಾನೆ ಅಂತಾಳೆ ಅಮ್ಮ. ಸರಿ, ಕಿಟಕಿ ಹತ್ತಿರ ಬಲೆ. ಆ ಕಿಟಕಿಯಿಂದಲೇ ಕದಿಯಲು ಇಳಿಯುವವನು ಅವರಪ್ಪ. ಯಾರ ಮನೆ ಅಂತ ಅವನಿಗೆ ಗೊತ್ತಿಲ್ಲ.

ಅಪ್ಪನ ಪಾತ್ರ ಹೆನ್ರಿ ವಾಲ್ತಾಲ್. ತಾಯಿ ಮರಿಯನ್ ಲಿಯೊನಾರ್ಡ್. ವಾಲ್ತಾಲ್ ಮುಖ ಗಮನಿಸಿ. ಆ ಕಾಲದ ಉಳಿದವರೆಲ್ಲ ಕೈ ಬೀಸಿ ಬೀಸಿ ನಟಿಸುವಾಗ ಈ ಮನುಷ್ಯ ಸುಮ್ಮನೆ ನಿಂತು ಹೆಗಲು ಇಳಿಸುತ್ತಾನೆ. ಆರು ವರ್ಷ ಕಳೆದ ಮೇಲೆ ಗ್ರಿಫಿತ್ ತನ್ನ ದೊಡ್ಡ ಚಿತ್ರಕ್ಕೆ ಇವನನ್ನೇ ತೆಗೆದುಕೊಂಡ.

ಕೋಟೆಬೀದಿ
ದೊಡ್ಡ ಚಿತ್ರ ಅಂತ ಮೆತ್ತಗೆ ದಾಟಿದಿರಿ. 'ಬರ್ತ್ ಆಫ್ ಎ ನೇಷನ್'. ಕಪ್ಪು ಜನರನ್ನು ಹೀನಾಯವಾಗಿ ತೋರಿಸಿ, ಕು ಕ್ಲಕ್ಸ್ ಕ್ಲಾನ್ ಅನ್ನೋ ಬಿಳಿಯರ ದ್ವೇಷದ ಗುಂಪನ್ನು ಹೀರೋ ಮಾಡಿದ ಚಿತ್ರ. ಕ್ರಿಸ್‌ಮಸ್ ಕಥೆಯಲ್ಲಿ ಬಡ ಮಕ್ಕಳಿಗೆ ಕರಗಿದ ಮನುಷ್ಯ ಅಲ್ಲಿ ಹಾಗೆ ಮಾಡಿದ. ಮಕ್ಕಳಿಗೆ ತೋರಿಸುವಾಗ ಗ್ರಿಫಿತ್ ಮಹಾನುಭಾವ ಅಂತ ಪರಿಚಯ ಮಾಡಿಕೊಡಬೇಡಿ ದಯವಿಟ್ಟು.

ಮೂಕಿಪ್ರಿಯ
ಮಹಾನುಭಾವ ಅಂತ ಯಾರೂ ಅಂದಿಲ್ಲ. 1909ರ ಹದಿನೈದು ನಿಮಿಷದ ಬಗ್ಗೆ ಮಾತಾಡ್ತಿದ್ದೇನೆ.

ಅಡ್ಮಿನ್_ಬಳಗ
ಗ್ರಿಫಿತ್ ಬಗ್ಗೆ ಬೇರೆ ಎಳೆ ಈಗಾಗಲೇ ಇದೆ. ಜಗಳ ಅಲ್ಲಿ ಮುಂದುವರಿಸಿ.

ಚಿಕ್ಕಪೇಟೆ_ಚಂದ್ರ
ಸಾಂತಾಗೆ ಕೆಂಪು ಅಂಗಿ ಕೊಟ್ಟಿದ್ದು ಕೋಕಾ-ಕೋಲಾ. ಎಲ್ಲ ಜಾಹೀರಾತು. ಈ ಚಿತ್ರಗಳೂ ಅಂಥವೇ ಇರಬೇಕು.

ರೀಲುಪೆಟ್ಟಿಗೆ
ಪ್ರತಿ ಡಿಸೆಂಬರ್‌ನಲ್ಲೂ ಈ ಮಾತು ಬರುತ್ತದೆ. ಕೋಕಾ-ಕೋಲಾಗೆ ಹ್ಯಾಡನ್ ಸಂಡ್‌ಬ್ಲೊಮ್ ಸಾಂತಾ ಬಿಡಿಸಲು ಶುರು ಮಾಡಿದ್ದು 1931ರಲ್ಲಿ. ನಾವು ಮಾತಾಡುತ್ತಿರುವ ಚಿತ್ರಗಳೆಲ್ಲ ಅದಕ್ಕಿಂತ ಇಪ್ಪತ್ತು ಮೂವತ್ತು ವರ್ಷ ಹಳೆಯವು. ದಪ್ಪ ಹೊಟ್ಟೆ, ಗಡ್ಡದ ಸಾಂತಾನನ್ನು ಥಾಮಸ್ ನಾಸ್ಟ್ ಅಮೆರಿಕದ ಪತ್ರಿಕೆಯಲ್ಲಿ 1860ರ ದಶಕದಿಂದಲೇ ಬಿಡಿಸುತ್ತಿದ್ದರು. ಸ್ಮಿತ್ ಚಿತ್ರದಲ್ಲಿ ಅವನು ಹಾಕಿರೋದು ಉದ್ದ ನಿಲುವಂಗಿ.

ಚಿಕ್ಕಪೇಟೆ_ಚಂದ್ರ
ಬ್ಲಾಕ್ ಅಂಡ್ ವೈಟ್ ಚಿತ್ರದಲ್ಲಿ ಕೆಂಪೋ ಹಸಿರೋ ನಿಮಗೆ ಹೇಗೆ ಗೊತ್ತಾಯ್ತು?

ಗಡಿಬಿಡಿ
ಇದಕ್ಕೆ ಉತ್ತರ ಇಲ್ಲ ರೀಲುಪೆಟ್ಟಿಗೆ ಸರ್, ಸೋತಿರಿ.

ರೀಲುಪೆಟ್ಟಿಗೆ
ಬಣ್ಣ ಕಾಣಲ್ಲ, ವರ್ಷ ಕಾಣುತ್ತದೆ ಮಾರಾಯರೇ!

ಅಂಚೆಪೆಟ್ಟಿಗೆ_560004
ಚಂದ್ರ ಅವರು ಹೇಳಿದ ಜಾಹೀರಾತಿನ ವಿಷಯ ಪೂರ್ತಿ ತಳ್ಳಿಹಾಕುವಂಥದ್ದಲ್ಲ. 1910ರಲ್ಲಿ ಕ್ರಿಕ್ಸ್ ಅಂಡ್ ಮಾರ್ಟಿನ್ ಕಂಪನಿ 'ಮೇಕಿಂಗ್ ಕ್ರಿಸ್‌ಮಸ್ ಕ್ರ್ಯಾಕರ್ಸ್' ಅಂತ ಒಂದು ಚಿತ್ರ ಮಾಡಿತು. ಕ್ರ್ಯಾಕರ್ ಅಂದ್ರೆ ನಮ್ಮ ಪಟಾಕಿ ಅಲ್ಲ, ಎರಡು ತುದಿ ಹಿಡಿದು ಎಳೆದರೆ ಟಪ್ ಅಂತ ಒಡೆದು ಒಳಗಿಂದ ಸಣ್ಣ ಉಡುಗೊರೆ ಬೀಳುವ ಕಾಗದದ ಸುರುಳಿ. ಲಂಡನ್ನಿನ ಕಾರ್ಖಾನೆಯಲ್ಲಿ ಹೆಣ್ಣುಮಕ್ಕಳು ಸಾಲಾಗಿ ಕೂತು ಅದನ್ನು ಸುತ್ತುವುದನ್ನು ತೋರಿಸಿದ್ದಾರೆ. ಕೈ ನಿಲ್ಲೋದೇ ಇಲ್ಲ. ಕೊನೆಗೆ ಮಾತ್ರ ಒಂದು ಮನೆ, ಹಬ್ಬ, ಸಂಭ್ರಮ. ನನಗಂತೂ ಸಾಂತಾಗಿಂತ ಆ ಕೈಗಳೇ ನೆನಪಲ್ಲಿ ಉಳಿದಿವೆ. ಉಡುಗೊರೆ ಎಲ್ಲಿಂದ ಬರುತ್ತದೆ ಅನ್ನೋದಕ್ಕೆ ನಿಜವಾದ ಉತ್ತರ ಅಲ್ಲಿದೆ.

ಕೋಟೆಬೀದಿ
ಇದು ಹಾಕಲೇಬೇಕು ಲೈಬ್ರರಿಯವರೇ. ಕಥೆಗಳ ಮಧ್ಯೆ ಇದನ್ನಿಡಿ.

ಪುಟ್ಟಿಯಮ್ಮ
ನನ್ನ ಮಗಳಿಗೆ ಆರು ವರ್ಷ. ಇವು ಯಾವುದನ್ನೂ ಅವಳು ಕೂತು ನೋಡಲ್ಲ. ಮಕ್ಕಳಿಗೆ ಅಂತ ಇರೋದು ಹೇಳಿ. ಗಿರವಿ ಅಂಗಡಿ ಎಲ್ಲ ಆಮೇಲೆ.

ಮೂಕಿಪ್ರಿಯ
ಪುಟ್ಟಿಯಮ್ಮನವರೇ, 'ದಿ ಇನ್‌ಸೆಕ್ಟ್ಸ್ ಕ್ರಿಸ್‌ಮಸ್' ಹಾಕಿ, ಆಮೇಲೆ ಹೇಳಿ. ಲಾಡಿಸ್ಲಾಸ್ ಸ್ಟಾರೆವಿಚ್ ಮಾಸ್ಕೋದಲ್ಲಿ ಮಾಡಿದ್ದು, 1913ರ ಆಸುಪಾಸು. ಕ್ರಿಸ್‌ಮಸ್ ಮರಕ್ಕೆ ತೂಗುಹಾಕಿದ ಪುಟ್ಟ ತಾತನ ಬೊಂಬೆ ರಾತ್ರಿ ಜೀವ ಬಂದು ಮರದಿಂದ ಇಳಿಯುತ್ತದೆ. ಮನೆಯವರಿಗೆ ಎಲ್ಲ ಸಿಕ್ಕಿದೆ, ಕಾಡಿನ ಹುಳುಗಳಿಗೆ ಯಾರಿದ್ದಾರೆ ಅಂತ ಕಾಡಿಗೆ ಹೋಗಿ ಅವುಗಳಿಗೂ ಒಂದು ಮರ ಮಾಡಿ ಉಡುಗೊರೆ ಕೊಡುತ್ತದೆ. ಜೀರುಂಡೆ, ಮಿಡತೆ, ಒಂದು ಕಪ್ಪೆ ಎಲ್ಲ ಬರುತ್ತವೆ. ಮಂಜಿನ ಮೇಲೆ ಜಾರುತ್ತವೆ.

ಪುಟ್ಟಿಯಮ್ಮ
ಅಯ್ಯೋ ಚೆನ್ನಾಗಿದೆ! ಆ ಹುಳುಗಳು ಬೊಂಬೆಗಳಾ?

ಮೂಕಿಪ್ರಿಯ
ಹೇಳಲೋ ಬೇಡವೋ... ನಿಜವಾದ ಹುಳುಗಳು. ಸತ್ತವು. ಸ್ಟಾರೆವಿಚ್ ಮೊದಲು ಲಿಥುವೇನಿಯಾದ ಕೌನಾಸ್‌ನಲ್ಲಿ ಮ್ಯೂಸಿಯಂ ನೋಡಿಕೊಳ್ಳುತ್ತಿದ್ದವರು. ಜೀರುಂಡೆಗಳ ಕಾಳಗ ತೆಗೆಯೋಣ ಅಂತ ಹೊರಟರೆ ದೀಪ ಹಾಕಿದ ಕೂಡಲೇ ಅವು ಅಲ್ಲಾಡದೆ ಕೂತವಂತೆ. ಆಮೇಲೆ ಸತ್ತ ಜೀರುಂಡೆಯ ಕಾಲುಗಳನ್ನು ಅರಗು, ತಂತಿ ಹಾಕಿ ಮತ್ತೆ ಜೋಡಿಸಿ, ಒಂದೊಂದು ಚಿತ್ರಕ್ಕೂ ಸ್ವಲ್ಪ ಸ್ವಲ್ಪ ಸರಿಸಿ ತೆಗೆದರು. ಆಗಿನ ಕೆಲವು ಪ್ರೇಕ್ಷಕರು ಹುಳುಗಳಿಗೆ ತರಬೇತಿ ಕೊಟ್ಟಿದ್ದಾರೆ ಅಂತಲೇ ನಂಬಿದ್ದರಂತೆ.

ಪುಟ್ಟಿಯಮ್ಮ
ಅವಳಿಗೆ ಇದು ಗೊತ್ತಾದರೆ ಇನ್ನೂ ಖುಷಿಯಾಗಿ ನೋಡುತ್ತಾಳೆ. ನನಗೆ ರಾತ್ರಿ ನಿದ್ದೆ ಬರಲ್ಲ.

ರೀಲುಪೆಟ್ಟಿಗೆ
ಅದೇ ಸ್ಟಾರೆವಿಚ್ 1913ರಲ್ಲಿ ಗೊಗೋಲ್ ಕಥೆ 'ಕ್ರಿಸ್‌ಮಸ್ ಹಿಂದಿನ ರಾತ್ರಿ'ಯನ್ನೂ ಮಾಡಿದ್ದಾರೆ, ನಟರನ್ನಿಟ್ಟು. ಅಲ್ಲೂ ಕಥೆ ಉಡುಗೊರೆಯದೇ. ಹಳ್ಳಿ ಕಮ್ಮಾರ ವಕುಲನಿಗೆ ಒಕ್ಸಾನಾ ಹಾಕುವ ಷರತ್ತು: ರಾಣಿ ಹಾಕಿಕೊಳ್ಳುವ ಚಪ್ಪಲಿ ತಂದುಕೊಟ್ಟರೆ ಮದುವೆ. ಅವನು ಸೈತಾನನ ಬೆನ್ನೇರಿ ಪೀಟರ್ಸ್‌ಬರ್ಗ್‌ಗೆ ಹಾರಿಹೋಗಿ ತರುತ್ತಾನೆ. ಸೈತಾನನಾಗಿ ಇವಾನ್ ಮೊಸ್ಝುಕಿನ್ ಮೈಯೆಲ್ಲ ಕುಣಿಸಿದ್ದಾನೆ. ಆದರೆ ಇದೊಂದೇ ನಿಮ್ಮ ನಲವತ್ತು ನಿಮಿಷ ನುಂಗಿಬಿಡುತ್ತದೆ.

ಸಂಪಿಗೆ_ರಸ್ತೆ
1905ರ ಪೋರ್ಟರ್ ಚಿತ್ರ 'ದಿ ನೈಟ್ ಬಿಫೋರ್ ಕ್ರಿಸ್‌ಮಸ್' ಯಾರೂ ಹೇಳಲಿಲ್ಲ? ಮಕ್ಕಳಿಗೆ ಅದೇ ಸರಿ. 1823ರ ಹಳೇ ಪದ್ಯ, ಅದರ ಸಾಲುಗಳನ್ನೇ ಬರಹದ ಫಲಕಕ್ಕೆ ಹಾಕಿದ್ದಾರೆ. ಸಾಂತಾ ನಿಜವಾದ ಹಿಮಸಾರಂಗಗಳಿಗೆ ಮೇವು ಹಾಕುತ್ತಾನೆ, ಆಟಿಕೆ ಮಾಡುತ್ತಾನೆ. ಮಕ್ಕಳು ದಿಂಬಿನಲ್ಲಿ ಹೊಡೆದಾಡುತ್ತವೆ. ಆಮೇಲೆ ಬಂಡಿ ಹೊರಡುವ ದೃಶ್ಯ ಇದೆಯಲ್ಲ, ಅಲ್ಲಿ ಬರೆದ ಬೆಟ್ಟಗುಡ್ಡಗಳ ಮೇಲೆ ಸಣ್ಣ ಮಾದರಿ ಬಂಡಿಯನ್ನು ಓಡಿಸಿ, ಕ್ಯಾಮೆರಾ ಅದರ ಹಿಂದೆಯೇ ತಿರುಗುತ್ತದೆ. ಗೊತ್ತಾಗುತ್ತದೆ ಬೊಂಬೆ ಅಂತ. ಗೊತ್ತಾದರೂ ಚೆಂದ. ಹಬ್ಬದ ಬೊಂಬೆ ಕೂರಿಸುವ ಮನೆಯವರಿಗೆ ಇಷ್ಟ ಆಗದೇ ಇರಲ್ಲ.

ಲೆಕ್ಕದ_ಮೇಷ್ಟ್ರು
ಅದರಲ್ಲಿ ಕಳ್ಳ ಇಲ್ಲ, ಬಡವರಿಲ್ಲ, ಅಪಹರಣ ಇಲ್ಲ. ಕೋಟೆಬೀದಿಯವರ ವಾದಕ್ಕೆ ಏನಾಯ್ತು?

ಕೋಟೆಬೀದಿ
ಏನೂ ಆಗಿಲ್ಲ. 1905ರ ಮನೆ ನೋಡಿ. ದೊಡ್ಡ ಒಲೆ, ದೊಡ್ಡ ಮರ, ಮಂಚದ ತುಂಬ ಮಕ್ಕಳು. ಸಾಂತಾ ತಾನಾಗಿ ಬರುವ ಮನೆ ಅದು. ಎರಡು ವರ್ಷ ಬಿಟ್ಟು ಅದೇ ಪೋರ್ಟರ್, ಅದೇ ಎಡಿಸನ್ ಕಂಪನಿ, ಸಾಂತಾ ಬಾರದ ಮನೆಯ ಹುಡುಗಿಯ ಕಥೆ ಮಾಡಿದೆ. ನಡುವೆ ಯಾರೋ 'ನಮ್ಮ ಮನೆಗೆ ಯಾಕೆ ಬರಲಿಲ್ಲ' ಅಂತ ಕೇಳಿರಬೇಕು.

ಲೆಕ್ಕದ_ಮೇಷ್ಟ್ರು
'ಇರಬೇಕು' ಅನ್ನೋದು ಪುರಾವೆ ಅಲ್ಲ. ಆದರೆ ಮಾತು ಚೆನ್ನಾಗಿದೆ, ಒಪ್ಪುತ್ತೇನೆ.

ತುಂಗಾತೀರ
ಇವೆಲ್ಲ ಹೇಗೆ ಉಳಿದವು? ನಮ್ಮ ಮೂಕಿ ಚಿತ್ರಗಳಲ್ಲಿ ಬೆರಳೆಣಿಕೆಯಷ್ಟು ಉಳಿದಿವೆ. ಅವರ ಒಂದು ನಿಮಿಷದ ಚಿತ್ರವೂ ಫೋನಲ್ಲಿ ಸಿಗುತ್ತದೆ.

ರೀಲುಪೆಟ್ಟಿಗೆ
ಅಮೆರಿಕದ ಚಿತ್ರಗಳ ಮಟ್ಟಿಗೆ ಕಾನೂನಿನ ಒಂದು ತಮಾಷೆ ಉಪಕಾರ ಮಾಡಿತು. 1912ರ ತನಕ ಅಲ್ಲಿನ ಕಾಪಿರೈಟ್ ಕಾನೂನಿನಲ್ಲಿ ಸಿನಿಮಾ ಅಂತ ವರ್ಗವೇ ಇರಲಿಲ್ಲ. ಫೋಟೋಗೆ ಮಾತ್ರ ಹಕ್ಕು. ಹಾಗಾಗಿ ಎಡಿಸನ್, ಬಯೋಗ್ರಾಫ್ ಕಂಪನಿಗಳು ಇಡೀ ಚಿತ್ರವನ್ನು ಉದ್ದನೆ ಕಾಗದದ ಸುರುಳಿಯ ಮೇಲೆ ಮುದ್ರಿಸಿ ಲೈಬ್ರರಿ ಆಫ್ ಕಾಂಗ್ರೆಸ್‌ಗೆ ಕೊಡುತ್ತಿದ್ದವು. ನೈಟ್ರೇಟ್ ಫಿಲ್ಮ್ ಸುಟ್ಟಿತು, ಕೊಳೆಯಿತು. ಕಾಗದ ಉಳಿಯಿತು. ಆಮೇಲೆ ಅದನ್ನೇ ಚೌಕ ಚೌಕವಾಗಿ ಮತ್ತೆ ಫಿಲ್ಮ್‌ಗೆ ಇಳಿಸಿದರು. ನಂದಿಬೆಟ್ಟದವರು ಮಬ್ಬು ಅಂದರಲ್ಲ, ಕಾಗದದಿಂದ ಇಳಿಸಿದ ಚಿತ್ರಗಳು ಹಾಗೇ ಕಾಣುತ್ತವೆ.

ತುಂಗಾತೀರ
ನಮ್ಮಲ್ಲಿ ಅಂಥ ಕಾಗದವೂ ಇಲ್ಲ. 'ವಸಂತಸೇನಾ' ಅಂತ ಮೂಕಿ ಬಂದಿತ್ತು, ಮೋಹನ್ ಭವನಾನಿ ನಿರ್ದೇಶನ. ನಮ್ಮ ಕೈಲಾಸಂ, ಕಮಲಾದೇವಿ ಚಟ್ಟೋಪಾಧ್ಯಾಯ ನಟಿಸಿದ್ದರು. ಶೂದ್ರಕನ ನಾಟಕದ ಕಥೆ. ಉಡುಗೊರೆ ಅಂದರೆ ಅದರ ಮುಂದೆ ಯಾವ ಸಾಂತಾ? ಪಕ್ಕದ ಮನೆ ಹುಡುಗನ ಚಿನ್ನದ ಬಂಡಿ ನೋಡಿ ಚಾರುದತ್ತನ ಮಗ ಅಳುತ್ತಾನೆ, ಅವನ ಕೈಲಿರೋದು ಮಣ್ಣಿನ ಬಂಡಿ. ವಸಂತಸೇನೆ ತನ್ನ ಒಡವೆಯೆಲ್ಲ ಬಿಚ್ಚಿ ಆ ಮಣ್ಣಿನ ಬಂಡಿಗೆ ತುಂಬಿಸಿ, ಚಿನ್ನದ್ದು ಮಾಡಿಸಿಕೋ ಅಂತಾಳೆ.

ಕೋಟೆಬೀದಿ
ಆ ಒಡವೆಯೇ ಆಮೇಲೆ ಚಾರುದತ್ತನ ಕುತ್ತಿಗೆಗೆ ಬರುತ್ತದೆ, ಕೊಲೆ ಆರೋಪಕ್ಕೆ ಸಾಕ್ಷಿಯಾಗಿ. ಉಡುಗೊರೆ, ಕಳ್ಳತನ ಅಲ್ಲೂ ಜೊತೆಜೊತೆಗೇ. ಆ ನಾಟಕದಲ್ಲಿ ಕನ್ನ ಹಾಕುವ ಶರ್ವಿಲಕನೂ ಇದ್ದಾನೆ ಮರೆಯಬೇಡಿ.

ಗಡಿಬಿಡಿ
ಶರ್ವಿಲಕನಿಗೆ ಕೆಂಪು ಟೋಪಿ ಹಾಕಿಬಿಡಿ, ಕೆಲಸ ಮುಗಿಯಿತು.

ಸಂಪಿಗೆ_ರಸ್ತೆ
ಭಾರತದ ನಂಟು ಅಂದಮೇಲೆ ದಾದಾಸಾಹೇಬ್ ಫಾಲ್ಕೆ ಹೆಸರು ಬರಲೇಬೇಕು. 1910ರ ಕ್ರಿಸ್‌ಮಸ್‌ನಲ್ಲಿ ಬೊಂಬಾಯಿಯ ಗಿರ್ಗಾಂವ್‌ನಲ್ಲಿ 'ಲೈಫ್ ಆಫ್ ಕ್ರೈಸ್ಟ್' ನೋಡಿಯೇ ಅವರಿಗೆ ಯೇಸು ಜಾಗದಲ್ಲಿ ಕೃಷ್ಣ, ರಾಮ ಕಾಣಿಸಿದ್ದು.

ಅಂಚೆಪೆಟ್ಟಿಗೆ_560004
ಕ್ರಿಸ್‌ಮಸ್ ಅಲ್ಲ, 1911ರ ಈಸ್ಟರ್ ಅಂತಲೂ ಬರೆದಿದ್ದಾರೆ.

ಸಂಪಿಗೆ_ರಸ್ತೆ
ಫಾಲ್ಕೆಯವರೇ ಬರೆದುಕೊಂಡಾಗ ಕ್ರಿಸ್‌ಮಸ್ ಅಂದಿದ್ದಾರೆ. ಅವರಿಗಿಂತ ನಿಮಗೆ ಜಾಸ್ತಿ ಗೊತ್ತಾ?

ಅಂಚೆಪೆಟ್ಟಿಗೆ_560004
ಏಳು ವರ್ಷ ಆದಮೇಲೆ ನೆನಪಿನಿಂದ ಬರೆದದ್ದು ಅದು. ಯಾವ ಹಬ್ಬಕ್ಕೆ ಯಾವ ಸಿನಿಮಾ ನೋಡಿದೆ ಅಂತ ನಿಮಗೆ ನೆನಪಿರುತ್ತಾ?

ಬಿಸಿಬೇಳೆ
ನನಗೆ ಯುಗಾದಿಗೆ ಏನು ನೋಡಿದೆ ಅಂತ ನೆನಪಿಲ್ಲ, ಹೋಳಿಗೆ ಎಷ್ಟು ತಿಂದೆ ಅಂತ ನೆನಪಿದೆ.

ಸುಮ್ನೆ_ನೋಡ್ತಿದೀನಿ
ನಗು ಬೇಕಾದರೆ 1929ರ ಲಾರೆಲ್-ಹಾರ್ಡಿ 'ಬಿಗ್ ಬಿಸಿನೆಸ್'. ಕ್ಯಾಲಿಫೋರ್ನಿಯಾ ಬಿಸಿಲಲ್ಲಿ ಮನೆಮನೆಗೆ ಹೋಗಿ ಕ್ರಿಸ್‌ಮಸ್ ಮರ ಮಾರುತ್ತಾರೆ. ಬಾಗಿಲಿಗೆ ಮರದ ಕೊಂಬೆ ಸಿಕ್ಕಿಕೊಳ್ಳುವುದರಿಂದ ಶುರುವಾಗಿ ಅವನ ಮನೆ, ಇವರ ಕಾರು ಎಲ್ಲ ಚೂರುಚೂರು. ಕೊನೆಗೆ ರಾಜಿಯಾಗಿ, ಅತ್ತು, ಉಡುಗೊರೆ ಅಂತ ಒಂದು ಸಿಗಾರ್ ಕೊಡುತ್ತಾರೆ. ಅದೂ ಢಮ್.

ಪುಟ್ಟಿಯಮ್ಮ
ಇದನ್ನು ಕೊನೆಗೆ ಹಾಕಿ. ಸತ್ತ ಹುಳು ನೋಡಿದವರಿಗೆ ಬೇಕಾಗುತ್ತದೆ.

ರೀಲುಪೆಟ್ಟಿಗೆ
ಹಾಕುವಾಗ ಒಂದು ಎಚ್ಚರ. ಹಳೆಯವನ್ನು ಕೈಯಲ್ಲಿ ತಿರುಗಿಸಿ ತೆಗೆಯುತ್ತಿದ್ದರು, ಸೆಕೆಂಡಿಗೆ ಸುಮಾರು 16 ಚಿತ್ರ. ಕೆಲವು ವಿಡಿಯೋಗಳು ಅದನ್ನು 24ಕ್ಕೆ ಓಡಿಸುತ್ತವೆ. ವಾಲ್ತಾಲ್ ಕೂಡ ಇರುವೆ ಥರ ಓಡಾಡುತ್ತಾನೆ. ಪ್ಲೇಬ್ಯಾಕ್ ವೇಗ 0.75ಕ್ಕೆ ಇಳಿಸಿ ನೋಡಿ, ಮುಖ ಕಾಣುತ್ತದೆ. ಮತ್ತೆ ಆ ವಿಡಿಯೋಗಳ ಟಿಣಿಟಿಣಿ ಪಿಯಾನೋ ಬಂದ್ ಮಾಡಿ. ಯಾರಾದರೂ ಹಾರ್ಮೋನಿಯಂ ನುಡಿಸುವವರು ಸಿಕ್ಕರೆ ಕೂರಿಸಿ. ನಮ್ಮಲ್ಲಿ ಮೂಕಿ ಕಾಲದಲ್ಲಿ ಹಾರ್ಮೋನಿಯಂ, ತಬಲಾನೇ ಇದ್ದದ್ದು.

ಬೀದಿಕೊನೆ_ಲೈಬ್ರರಿ
ಎಲ್ಲರಿಗೂ ಧನ್ಯವಾದ. ಸದ್ಯಕ್ಕೆ ನಾನು ಹಾಕಿಕೊಂಡ ಕ್ರಮ: ಮೊದಲು ಸ್ಮಿತ್‌ದು ಎರಡು ಸಲ, ಒಂದು ಸಲ ಸುಮ್ನೆ, ಇನ್ನೊಂದು ಸಲ ಆ ದುಂಡು ಚಿತ್ರದ ಹತ್ತಿರ ನಿಲ್ಲಿಸಿ. ಆಮೇಲೆ ಕ್ರ್ಯಾಕರ್ ಕಾರ್ಖಾನೆ, ಹುಳುಗಳ ಕ್ರಿಸ್‌ಮಸ್, ಕೊನೆಗೆ ಬಿಗ್ ಬಿಸಿನೆಸ್. 1907ರ ಅಪಹರಣದ ಚಿತ್ರ ನೋಡುವಂಥ ಪ್ರತಿ ಸಿಕ್ಕರೆ ಅದೂ ಸೇರುತ್ತದೆ. ಗ್ರಿಫಿತ್‌ದು ದೊಡ್ಡವರಿಗೆ ಬೇರೆ ದಿನ ಇಡುತ್ತೇನೆ, ಆವತ್ತು ಕೋಟೆಬೀದಿಯವರೂ ಮೇಷ್ಟ್ರೂ ಇಬ್ಬರೂ ಬರಬೇಕು.

ಲೆಕ್ಕದ_ಮೇಷ್ಟ್ರು
ಬರುತ್ತೇನೆ. ಆದರೆ ಕೋಟೆಬೀದಿಯವರ ಪಕ್ಕ ಕುರ್ಚಿ ಬೇಡ.

ಕೋಟೆಬೀದಿ
ಹಿಂದೆ ಕೂತುಕೊಳ್ಳುತ್ತೇನೆ ಮೇಷ್ಟ್ರೇ, ಕಿವಿಯಲ್ಲಿ ಹೇಳೋದು ಸುಲಭ.

ಚಿಕ್ಕಪೇಟೆ_ಚಂದ್ರ
ಕೆಂಪು ಅಂಗಿ ವಿಷಯ ಇನ್ನೂ ಇತ್ಯರ್ಥ ಆಗಿಲ್ಲ.